ಕ್ಯಾಲಿಫೋರ್ನಿಯಾ ಸ್ಟೇಟ್ ಐಡಿ: ಗಾಡಿ ಓಡಿಸದ ಹಿರಿಯರಿಗೆ, ಎಚ್-4ನಲ್ಲಿ ಬಂದವರಿಗೆ

ಸ್ಟೇಟ್ ಐಡಿ ಎಂದರೆ ರಾಜ್ಯದ ವಾಹನ ಇಲಾಖೆ ಡಿಎಂವಿ ಕೊಡುವ ಗುರುತಿನ ಚೀಟಿ. ಎಚ್-4 ಎಂದರೆ ಎಚ್-1ಬಿ ಕೆಲಸದ ವೀಸಾದವರ ಸಂಗಾತಿ, ಮಕ್ಕಳ ವೀಸಾ. ಸ್ಯಾನ್ ಫ್ರಾನ್ಸಿಸ್ಕೊ ಸುತ್ತಲಿನ ಬೇ ಏರಿಯಾದ ಕನ್ನಡಿಗರ ಗುಂಪಿನಲ್ಲಿ ಈ ವಾರ ಬಂದ ಪ್ರಶ್ನೆಗಳಿವು. ಇಮಿಗ್ರೇಷನ್ ಕಾಗದಪತ್ರದ ಕೆಲಸ ಮಾಡುವ ಇಬ್ಬರು ಸದಸ್ಯರು ಉತ್ತರ ಕೊಟ್ಟಿದ್ದಾರೆ.

ಪ್ರಶ್ನೆ: ನಮ್ಮತ್ತೆಗೆ 64 ವರ್ಷ. ಇಮಿಗ್ರಂಟ್ ವೀಸಾದಲ್ಲಿ ಬಂದು ಮೂರು ವಾರ ಆಯ್ತು. ಗ್ರೀನ್ ಕಾರ್ಡ್ ಇನ್ನೂ ಕೈಗೆ ಬಂದಿಲ್ಲ. ಡ್ರೈವಿಂಗ್ ಬರಲ್ಲ. ಐಡಿ ಈಗಲೇ ಮಾಡಿಸಬಹುದಾ, ಕಾರ್ಡ್ ಬರೋವರೆಗೂ ಕಾಯಬೇಕಾ? ಬಾಡಿಗೆ ಕರಾರು, ಕರೆಂಟ್ ಬಿಲ್ ಎಲ್ಲಾ ನಮ್ಮ ಯಜಮಾನರ ಹೆಸರಲ್ಲೇ ಇದೆ.

ಉತ್ತರ: ಕಾಯಬೇಕಿಲ್ಲ ಮೇಡಂ. ಅವರ ಪಾಸ್‌ಪೋರ್ಟಿನಲ್ಲಿರುವ ಇಮಿಗ್ರಂಟ್ ವೀಸಾ ಹಾಳೆಯ ಮೇಲೆ ವಿಮಾನ ನಿಲ್ದಾಣದಲ್ಲಿ ಮುದ್ರೆ ಒತ್ತಿರುತ್ತಾರೆ. ಆ ಮುದ್ರೆ ಬಿದ್ದ ದಿನದಿಂದ ಒಂದು ವರ್ಷ ಆ ಹಾಳೆಯೇ ಗ್ರೀನ್ ಕಾರ್ಡಿಗೆ ಸಮ. ಗುರುತಿನ ಪುರಾವೆಗೆ ಪಾಸ್‌ಪೋರ್ಟ್ ತೆಗೆದುಕೊಂಡು ಹೋದರೆ ಸಾಕು.

62 ದಾಟಿದವರಿಗೆ ಸೀನಿಯರ್ ಸಿಟಿಜನ್ ಐಡಿ ಅಂತ ಬೇರೆಯೇ ಇದೆ. ಶುಲ್ಕ ಇಲ್ಲ, 10 ವರ್ಷ ನಡೆಯುತ್ತದೆ. ಸಾಮಾನ್ಯ ಐಡಿಗೆ ಸುಮಾರು 40 ಡಾಲರ್, ಅವಧಿ 6 ವರ್ಷ. ಆನ್‌ಲೈನ್ ಅರ್ಜಿ ತುಂಬುವಾಗ ಸೀನಿಯರ್ ಎಂದೇ ಆರಿಸಿ. ಅದರ ಜೊತೆಗೆ ರಿಯಲ್ ಐಡಿ ಬೇಕು ಎಂದೂ ಹೇಳಿ. 2025ರ ಮೇ 7ರಿಂದ ದೇಶದೊಳಗಿನ ವಿಮಾನ ಹತ್ತಲು ರಾಜ್ಯದ ಕಾರ್ಡ್ ತೋರಿಸುವವರಿಗೆ ಅದು ರಿಯಲ್ ಐಡಿಯೇ ಆಗಿರಬೇಕು. ಕಾರ್ಡಿನ ಮೇಲ್ಭಾಗದಲ್ಲಿ ಚಿನ್ನದ ಬಣ್ಣದ ಕರಡಿ, ಅದರೊಳಗೆ ನಕ್ಷತ್ರ ಇದ್ದರೆ ರಿಯಲ್ ಐಡಿ. 'ಫೆಡರಲ್ ಲಿಮಿಟ್ಸ್ ಅಪ್ಲೈ' ಎಂದು ಅಚ್ಚಾಗಿದ್ದರೆ ಅಲ್ಲ.

ಜನ ವಾಪಸ್ ಬರುವುದು ವಿಳಾಸದ ಪುರಾವೆಯಲ್ಲಿ. ಎರಡು ಬೇರೆ ಬೇರೆ ಕಾಗದ ಬೇಕು, ಒಂದೇ ಖಾತೆಯ ಎರಡು ತಿಂಗಳ ಸ್ಟೇಟ್‌ಮೆಂಟನ್ನು ಎರಡು ಅಂತ ಎಣಿಸಿಕೊಂಡು ಹೋಗಬೇಡಿ. ಮಗನ ಹೆಸರಿನ ಬಿಲ್ಲನ್ನೂ ಒಪ್ಪುತ್ತಾರೆ, ಆದರೆ ತಾಯಿ-ಮಗ ಎಂದು ತೋರಿಸುವ ಜನನ ಪ್ರಮಾಣಪತ್ರ ಜೊತೆಗಿರಬೇಕು. ನಮ್ಮ ಕಡೆಯ ಹಳೆಯ ಜನನ ಪತ್ರಗಳ ಕಷ್ಟ ನಿಮಗೆ ಗೊತ್ತೇ ಇದೆ. ಮಗುವಿನ ಹೆಸರಿನ ಜಾಗ ಖಾಲಿ, ತಾಯಿಯ ಹೆಸರು 'ಲಕ್ಷ್ಮಮ್ಮ'. ಪಾಸ್‌ಪೋರ್ಟಿನಲ್ಲಿ ನೋಡಿದರೆ 'ಲಕ್ಷ್ಮೀದೇವಮ್ಮ'. ಕೌಂಟರಿನಲ್ಲಿ ಕೂತವರಿಗೆ ಇವು ಇಬ್ಬರು ಹೆಂಗಸರ ಹೆಸರು. ಅದಕ್ಕೇ ಅತ್ತೆಯವರ ಹೆಸರಲ್ಲೇ ಎರಡು ಕಾಗದ ಹುಟ್ಟಿಸಿಕೊಳ್ಳುವುದು ವಾಸಿ. ಮಗನ ಜೊತೆ ಜಂಟಿ ಬ್ಯಾಂಕ್ ಖಾತೆ ತೆರೆದರೆ ಮೊದಲ ಸ್ಟೇಟ್‌ಮೆಂಟ್ ಒಂದು. ಆರೋಗ್ಯ ವಿಮೆಯ ಪತ್ರ, ಅವರದೇ ಹೆಸರಿನ ಮೊಬೈಲ್ ಬಿಲ್, ಅಥವಾ ಅವರ ಹೆಸರು ಸೇರಿಸಿ ಮನೆ ಮಾಲೀಕರೂ ಬಾಡಿಗೆದಾರರೂ ಸಹಿ ಹಾಕಿದ ಕರಾರು, ಇದರಲ್ಲಿ ಇನ್ನೊಂದು. ಫ್ಯಾಮಿಲಿ ಪ್ಲಾನಿನ ಬಿಲ್ಲಿನಲ್ಲಿ ಖಾತೆದಾರರ ಹೆಸರಷ್ಟೇ ಇರುವುದುಂಟು, ತೆಗೆದು ನೋಡಿ. ಪಿ.ಒ. ಬಾಕ್ಸ್ ವಿಳಾಸ ನಡೆಯುವುದಿಲ್ಲ. ಎಲ್ಲವನ್ನೂ ಪ್ರಿಂಟ್ ತೆಗೆದು ಒಯ್ಯಿರಿ.

ಅರ್ಜಿ ತುಂಬುವಾಗ ಇನ್ನೊಂದು. ನಮ್ಮ ಪಾಸ್‌ಪೋರ್ಟಿನಲ್ಲಿ 05/06/1961 ಎಂದರೆ ಜೂನ್ 5. ಇಲ್ಲಿ ತಿಂಗಳು ಮೊದಲು, ಹಾಗಾಗಿ 06/05/1961 ಎಂದು ಬರೆಯಬೇಕು. ಹುಟ್ಟಿದ ದಿನ 12ನೇ ತಾರೀಕಿನ ಒಳಗಿದ್ದರೆ ಈ ತಪ್ಪನ್ನು ಕಂಪ್ಯೂಟರ್ ಹಿಡಿಯುವುದಿಲ್ಲ. ಮುಂದೆ ತಾಳೆ ನೋಡುವಾಗ ಸಿಕ್ಕಿಬೀಳುತ್ತದೆ.

ಅದೇ ಸದಸ್ಯೆ: ಸೋಶಿಯಲ್ ಸೆಕ್ಯುರಿಟಿ ನಂಬರ್ ಕೂಡ ಬಂದಿಲ್ಲವಲ್ಲ?

ಉತ್ತರ: ವೀಸಾ ಅರ್ಜಿಯಲ್ಲೇ ಆ ನಂಬರಿಗೆ ಒಪ್ಪಿಗೆ ಕೊಟ್ಟಿದ್ದರೆ ತಾನಾಗಿ ಅಂಚೆಯಲ್ಲಿ ಬರುತ್ತದೆ. ಇದಕ್ಕೆ ಮಾತ್ರ ಕಾಯಿರಿ. ನಂಬರ್, ಹೆಸರು, ಹುಟ್ಟಿದ ದಿನ ಮೂರನ್ನೂ ಡಿಎಂವಿ ಸೋಶಿಯಲ್ ಸೆಕ್ಯುರಿಟಿಯವರ ದಾಖಲೆ ಜೊತೆ ತಾಳೆ ನೋಡುತ್ತದೆ. ಒಪ್ಪಿಗೆ ಕೊಟ್ಟಿರದಿದ್ದರೆ ಅವರ ಕಚೇರಿಗೆ ಹೋಗಿ ಅರ್ಜಿ ಹಾಕಬೇಕು.

ಪ್ರಶ್ನೆ: ನನ್ನ ಪಾಸ್‌ಪೋರ್ಟಿನಲ್ಲಿ ಸರ್‌ನೇಮ್ ಜಾಗ ಖಾಲಿ. ಗಿವನ್ ನೇಮ್‌ನಲ್ಲಿ ಊರು, ಅಪ್ಪನ ಹೆಸರು, ನನ್ನ ಹೆಸರು ಮೂರೂ ಒಟ್ಟಿಗೆ ಇವೆ. ವೀಸಾದಲ್ಲಿ ಮೊದಲ ಹೆಸರು ಎಫ್‌ಎನ್‌ಯು ಅಂತ ಬಂದಿದೆ. ಐಡಿಯಲ್ಲೂ ಹಾಗೇ ಬರುತ್ತಾ? ಡಿಎಂವಿಯಲ್ಲಿ ಹೇಳಿ ಸರಿ ಮಾಡಿಸಬಹುದಾ?

ಉತ್ತರ: ಡಿಎಂವಿಯಲ್ಲಿ ಸರಿಯಾಗುವುದಿಲ್ಲ ಸರ್. ಹಳೇ ಮೈಸೂರು ಕಡೆಯ ಎಷ್ಟೋ ಮನೆಗಳಲ್ಲಿ ಇದೇ ಕಥೆ, ಸ್ವಲ್ಪ ಬಿಡಿಸಿ ಹೇಳುತ್ತೇನೆ.

ನಮ್ಮಲ್ಲಿ ಇನಿಷಿಯಲ್ ಇರುತ್ತದೆ, ಸರ್‌ನೇಮ್ ಇರುವುದಿಲ್ಲ. ಪಾಸ್‌ಪೋರ್ಟ್ ಮಾಡಿಸುವಾಗ ಇನಿಷಿಯಲ್ ಬಿಡಿಸಿ ಪೂರ್ತಿ ಬರೆಯಬೇಕು ಅಂದಾಗ, 'ಹೊಸಹಳ್ಳಿ ರಾಮಯ್ಯ ಮಂಜುನಾಥ' ಅಂತ ಇಡೀ ಸಾಲನ್ನು ಗಿವನ್ ನೇಮ್‌ನಲ್ಲೇ ಬರೆದುಬಿಡುತ್ತೇವೆ. ಅಮೆರಿಕದವರ ಪದ್ಧತಿಯಲ್ಲಿ ಸರ್‌ನೇಮ್ ಖಾಲಿ ಇರುವ ಹಾಗಿಲ್ಲ. ವೀಸಾ ಕೊಡುವಾಗ ಆ ಇಡೀ ಸಾಲು ಸರ್‌ನೇಮ್ ಜಾಗಕ್ಕೆ ಹೋಗುತ್ತದೆ. ಖಾಲಿಯಾದ ಮೊದಲ ಹೆಸರಿನ ಜಾಗಕ್ಕೆ ಎಫ್‌ಎನ್‌ಯು ಬೀಳುತ್ತದೆ. ಮೊದಲ ಹೆಸರು ಗೊತ್ತಿಲ್ಲ ಎಂಬ ಮೂರು ಅಕ್ಷರದ ಟಿಪ್ಪಣಿ ಅದು. ಆಮೇಲೆ ಅದೇ ಐ-94ಗೆ, ಅಂದರೆ ದೇಶದೊಳಗೆ ಬಂದದ್ದನ್ನೂ ಎಂದಿನವರೆಗೆ ಇರಬಹುದು ಎನ್ನುವುದನ್ನೂ ತೋರಿಸುವ ದಾಖಲೆಗೆ, ಇಳಿಯುತ್ತದೆ. ಕೆಲವರ ವರ್ಕ್ ಪರ್ಮಿಟ್, ಗ್ರೀನ್ ಕಾರ್ಡುಗಳಲ್ಲಿ 'ನೋ ಗಿವನ್ ನೇಮ್' ಎಂದೂ ಬರುತ್ತದೆ.

ಡಿಎಂವಿಯವರು ನಿಮ್ಮ ಕಾಗದವನ್ನು ಕಣ್ಣಲ್ಲಿ ನೋಡಿ ಕಾರ್ಡ್ ಕೊಡುವುದಿಲ್ಲ. ಇಮಿಗ್ರೇಷನ್ ಸ್ಥಿತಿ ಪರಿಶೀಲಿಸುವ 'ಸೇವ್' ಎಂಬ ಫೆಡರಲ್ ವ್ಯವಸ್ಥೆಯಲ್ಲಿ ನಿಮ್ಮ ಹೆಸರು, ನಂಬರ್ ಹಾಕಿ ಕೇಳುತ್ತಾರೆ. ಅಲ್ಲಿಯ ದಾಖಲೆಗೆ ಹೊಂದುವ ಹೆಸರನ್ನೇ ನೀವು ಅರ್ಜಿಯಲ್ಲಿ ಬರೆಯಬೇಕು. 'ನನ್ನ ಹೆಸರು ಮಂಜುನಾಥ, ಅದನ್ನೇ ಮೊದಲು ಹಾಕಿ' ಎಂದು ತಿದ್ದಿ ಬರೆದರೆ ತಾಳೆಯಾಗದೆ ಅರ್ಜಿ ಕೂತುಬಿಡುತ್ತದೆ.

ಸರಿ ಮಾಡಬೇಕಾದದ್ದು ಬೇರಿನಿಂದ. ಮೊದಲು ಭಾರತದ ಪಾಸ್‌ಪೋರ್ಟ್. ಇಲ್ಲಿದ್ದುಕೊಂಡೇ, ಪಾಸ್‌ಪೋರ್ಟ್ ಅರ್ಜಿ ಪಡೆಯುವ ವಿಎಫ್‌ಎಸ್ ಸಂಸ್ಥೆಯ ಮೂಲಕ ಕಾನ್ಸುಲೇಟಿಗೆ ಮರುವಿತರಣೆಗೆ ಅರ್ಜಿ ಹಾಕಿ, ಇರುವ ಹೆಸರನ್ನೇ ಗಿವನ್ ನೇಮ್, ಸರ್‌ನೇಮ್ ಎಂದು ಒಡೆಸಿಕೊಳ್ಳಿ. ಹೊಸ ಪಾಸ್‌ಪೋರ್ಟ್ ಬಂದ ಮಾತ್ರಕ್ಕೆ ಐ-94 ಬದಲಾಗುವುದಿಲ್ಲ, ಜನ ಎಡವುವುದು ಇಲ್ಲೇ. ಮುಂದಿನ ಸಲ ಹೊಸ ಪಾಸ್‌ಪೋರ್ಟ್, ಹೊಸ ಹೆಸರಿನ ವೀಸಾ ಹಿಡಿದು ದೇಶದೊಳಗೆ ಬಂದಾಗ, ಅಥವಾ ಮುಂದಿನ ಯುಎಸ್‌ಸಿಐಎಸ್ (ಇಮಿಗ್ರೇಷನ್ ಅರ್ಜಿ ನೋಡುವ ಇಲಾಖೆ) ಅರ್ಜಿ ಹೊಸ ಹೆಸರಲ್ಲಿ ಮಂಜೂರಾದಾಗ ಬದಲಾಗುತ್ತದೆ. ಆಮೇಲೆ ಸೋಶಿಯಲ್ ಸೆಕ್ಯುರಿಟಿ. ಡಿಎಂವಿ ಕಟ್ಟಕಡೆಗೆ. ಐಡಿ ತುರ್ತಾಗಿ ಬೇಕಿದ್ದರೆ ಈಗ ಎಫ್‌ಎನ್‌ಯು ಇದ್ದಂತೆಯೇ ಮಾಡಿಸಿಕೊಳ್ಳಿ. ನೋಡಲು ಬೇಸರ, ಆದರೆ ಕಾರ್ಡ್ ಪೂರ್ತಿ ಸಿಂಧು.

ಇನ್ನೊಬ್ಬ ವೃತ್ತಿನಿರತ ಸದಸ್ಯರು: ಒಂದು ಮಾತು ಸೇರಿಸುತ್ತೇನೆ. ಐ-94ರಲ್ಲಿ ಬರೀ ಕಾಗುಣಿತದ ತಪ್ಪಿದ್ದರೆ, ಅಂದರೆ ಪಾಸ್‌ಪೋರ್ಟ್, ವೀಸಾ ಎರಡರಲ್ಲೂ ಸರಿಯಿದ್ದು ಅಲ್ಲಿ ಮಾತ್ರ ತಪ್ಪಾಗಿದ್ದರೆ, ಇಷ್ಟು ದೂರ ಹೋಗಬೇಕಿಲ್ಲ. ವಿಮಾನ ನಿಲ್ದಾಣದಲ್ಲಿ ಸಿಕ್ಕಿದ ಐ-94 ಆದರೆ ಗಡಿ ತಪಾಸಣೆಯ ಇಲಾಖೆ ಸಿಬಿಪಿಯ ಡಿಫರ್ಡ್ ಇನ್ಸ್‌ಪೆಕ್ಷನ್ ಕಚೇರಿ ತಿದ್ದುತ್ತದೆ. ಮಂಜೂರಾತಿ ಪತ್ರವಾದ ಐ-797ರ ಕೆಳಗೆ ಅಂಟಿಕೊಂಡು ಬಂದದ್ದಾದರೆ ಯುಎಸ್‌ಸಿಐಎಸ್‌ಗೆ ಬರೆಯಬೇಕು. ಐ-94 ನಂಬರಿನಲ್ಲಿ ಹನ್ನೊಂದು ಸ್ಥಾನ, ಈಗಿನವುಗಳಲ್ಲಿ ಹತ್ತನೆಯದು ಇಂಗ್ಲಿಷ್ ಅಕ್ಷರ. ಅದು 'ಓ' ಅಕ್ಷರವೋ ಸೊನ್ನೆಯೋ ಎಂದು ಗೊತ್ತಾಗದೆ ಸೊನ್ನೆ ಒತ್ತಿಬಿಡುವುದುಂಟು. ಕೌಂಟರಿನಲ್ಲಿ ಟೈಪ್ ಮಾಡುವಾಗ ನೀವೇ ಓದಿ ಹೇಳಿ.

ಪ್ರಶ್ನೆ: ನಾನು ಎಚ್-4. ಎಸ್‌ಎಸ್‌ಎನ್ (ಸೋಶಿಯಲ್ ಸೆಕ್ಯುರಿಟಿ ನಂಬರ್) ಇಲ್ಲ, ಇಎಡಿನೂ (ವರ್ಕ್ ಪರ್ಮಿಟ್) ಇಲ್ಲ. ಐಡಿ ಕೊಡ್ತಾರಾ? ಗೆಳತಿಗೆ ಕೊಟ್ಟಿದ್ದಾರೆ, ಆದರೆ ಎಂಟೇ ತಿಂಗಳಿಗೆ ಮುಗಿಯೋ ಕಾರ್ಡ್. ಅವಳ ಗಂಡನ ಎಚ್-1ಬಿ ಇನ್ನೂ ಎರಡು ವರ್ಷ ಇದೆ.

ಉತ್ತರ: ಕೊಡುತ್ತಾರೆ. ಕೆಲಸ ಮಾಡುವ ಅನುಮತಿ ಇಲ್ಲದ ವೀಸಾದವರಿಗೆ ಎಸ್‌ಎಸ್‌ಎನ್ ಸಿಗುವುದಿಲ್ಲ ಎಂಬುದನ್ನು ರಿಯಲ್ ಐಡಿ ನಿಯಮವೇ ಒಪ್ಪುತ್ತದೆ. ಚಾಲ್ತಿ ಪಾಸ್‌ಪೋರ್ಟ್, ಚಾಲ್ತಿ ವೀಸಾ, ಐ-94 ಒಯ್ಯಿರಿ. ಅರ್ಜಿಯಲ್ಲಿ ಎಸ್‌ಎಸ್‌ಎನ್ ಜಾಗದಲ್ಲಿ ಏನೇನೋ ನಂಬರ್ ತುಂಬಬೇಡಿ, ಗಂಡನ ನಂಬರಂತೂ ಬೇಡವೇ ಬೇಡ. ವಿಳಾಸಕ್ಕೆ ಯಜಮಾನರ ಹೆಸರಿನ ಕಾಗದಗಳ ಜೊತೆ ಮದುವೆ ಪ್ರಮಾಣಪತ್ರ ಆಗುತ್ತದೆ. ಸಬ್‌ರಿಜಿಸ್ಟ್ರಾರ್ ಕಚೇರಿಯ ಪತ್ರ ಬೇಕು, ಛತ್ರದವರು ಕೊಟ್ಟ ರಸೀದಿಯೋ ಲಗ್ನಪತ್ರಿಕೆಯೋ ಅಲ್ಲ. ಪತ್ರ ಕನ್ನಡದಲ್ಲಿ ಮಾತ್ರ ಇದ್ದರೆ ಅನುವಾದಕರು ಸಹಿ ಹಾಕಿ ದೃಢೀಕರಿಸಿದ ಇಂಗ್ಲಿಷ್ ಅನುವಾದವೂ ಜೊತೆಗಿರಲಿ.

ಗೆಳತಿಯ ಎಂಟು ತಿಂಗಳ ವಿಷಯ. ಕಾರ್ಡ್ ಎಂದು ಮುಗಿಯಬೇಕು ಎನ್ನುವುದನ್ನು ಗಂಡನ ಎಚ್-1ಬಿ ನಿರ್ಧರಿಸುವುದಿಲ್ಲ, ವೀಸಾ ಹಾಳೆಯೂ ನಿರ್ಧರಿಸುವುದಿಲ್ಲ. ಅವರದೇ ಐ-94ರ ಕೊನೆಯ ದಿನ ನಿರ್ಧರಿಸುತ್ತದೆ. ಬಹುಶಃ ಅವರ ಪಾಸ್‌ಪೋರ್ಟ್ ಬೇಗ ಮುಗಿಯುವುದಿತ್ತು. ಪಾಸ್‌ಪೋರ್ಟ್ ಮುಗಿಯುವ ದಿನಕ್ಕೇ ಐ-94 ಕತ್ತರಿಸಿ ಕೊಡುವುದು ವಿಮಾನ ನಿಲ್ದಾಣದಲ್ಲಿ ಮಾಮೂಲು. ಇದು ಐಡಿಗಿಂತ ದೊಡ್ಡ ಸಮಸ್ಯೆ, ಅವರಿಗೆ ಇವತ್ತೇ ತಿಳಿಸಿ. ಆ ದಿನ ದಾಟಿದರೆ ಈ ದೇಶದಲ್ಲಿರುವ ಅನುಮತಿಯೇ ಮುಗಿದಂತೆ. ಪಾಸ್‌ಪೋರ್ಟ್ ನವೀಕರಿಸಿ, ಆ ದಿನದೊಳಗೆ ಐ-539 (ಅವಧಿ ವಿಸ್ತರಣೆಯ ಅರ್ಜಿ) ಹಾಕಬೇಕು, ಇಲ್ಲವೇ ಹೊರಗೆ ಹೋಗಿ ಹೊಸ ಪಾಸ್‌ಪೋರ್ಟಿನಲ್ಲಿ ಒಳಬರಬೇಕು. ಐ-94 ಉದ್ದವಾದ ಮೇಲೆ ಐಡಿಯನ್ನೂ ನವೀಕರಿಸಬಹುದು.

ಅವಧಿ ವಿಸ್ತರಣೆ ಆಗಿರುವವರು ನೆನಪಿಡಿ: ವಿಸ್ತರಣೆಯ ಐ-797ರ ಕೆಳಭಾಗದಲ್ಲಿ ಹೊಸ ಐ-94 ಇರುತ್ತದೆ. ಅದನ್ನು ಮನೆಯಲ್ಲಿ ಬಿಟ್ಟು, ವೆಬ್‌ಸೈಟಿನಿಂದ ತೆಗೆದ ಹಳೆಯದನ್ನು ಕೊಟ್ಟರೆ ಹಳೆಯ ದಿನಾಂಕವೇ ಸಿಗುತ್ತದೆ.

ಪ್ರಶ್ನೆ: ಅಪ್ಪನ ಅರ್ಜಿ ಆನ್‌ಲೈನಲ್ಲಿ ತುಂಬುತ್ತಿದ್ದೆ. ಮತದಾರರ ನೋಂದಣಿ ಬಗ್ಗೆ ಪ್ರಶ್ನೆ ಬಂತು. ಅಪ್ಪನಿಗೆ ಗ್ರೀನ್ ಕಾರ್ಡ್ ಇದೆ. ಹೌದು ಅಂತ ಒತ್ತಿದರೆ ಏನಾದರೂ ತೊಂದರೆಯಾ?

ಉತ್ತರ: ದಯವಿಟ್ಟು ಒತ್ತಬೇಡಿ. ಈ ಇಡೀ ಅರ್ಜಿಯಲ್ಲಿ ತಿದ್ದಲಾಗದ ತಪ್ಪೊಂದಿದ್ದರೆ ಅದು ಇದೇ. 2018ರ ಏಪ್ರಿಲ್‌ನಿಂದ ಕ್ಯಾಲಿಫೋರ್ನಿಯಾದಲ್ಲಿ ಐಡಿ, ಲೈಸೆನ್ಸ್ ಅರ್ಜಿಯ ಜೊತೆಗೇ ಮತದಾರರ ನೋಂದಣಿ ಹೆಣೆದುಕೊಂಡಿದೆ. ಮತ ಹಾಕುವ ಹಕ್ಕು ನಾಗರಿಕರಿಗೆ ಮಾತ್ರ. ಗ್ರೀನ್ ಕಾರ್ಡಿನವರು ಅಮೆರಿಕದ ನಾಗರಿಕ ಎಂದು ಸುಳ್ಳಾಗಿ ಹೇಳಿಕೊಂಡರೆ, ಗೊತ್ತಿಲ್ಲದೆ ಒತ್ತಿದೆ ಎಂಬ ಮಾತು ಕಾಪಾಡುತ್ತದೆ ಎಂದು ನಂಬಿ ಕೂರುವಂತಿಲ್ಲ. ಗಡೀಪಾರಿನವರೆಗೂ ಹೋಗಬಹುದು, ಮುಂದೆ ನಾಗರಿಕತ್ವದ ಅರ್ಜಿಯಲ್ಲೂ ಎದುರಾಗುತ್ತದೆ.

ನಾಗರಿಕರೇ ಎಂದು ಕೇಳಿದರೆ ಇಲ್ಲ. ಮತದಾನಕ್ಕೆ ಅರ್ಹರೇ ಎಂದರೆ ಅದಕ್ಕೂ ಇಲ್ಲ. ಮಕ್ಕಳು ತುಂಬುವಾಗ ಆ ಪುಟವನ್ನು ಅಪ್ಪನಿಗೆ ಕನ್ನಡದಲ್ಲಿ ಓದಿ ಹೇಳಿ, ಅವರ ಬಾಯಿಂದಲೇ ಉತ್ತರ ಪಡೆಯಿರಿ. ಕೊನೆಗೆ ಸಹಿ ಹಾಕುವುದು ಅವರು. ಸಲ್ಲಿಸುವ ಮುನ್ನ ಆ ಪುಟದ ಚಿತ್ರ ತೆಗೆದಿಟ್ಟುಕೊಳ್ಳಿ. ಅದೇ 2018ರಲ್ಲಿ ಇಲಾಖೆಯ ಕಡೆಯ ತಪ್ಪಿನಿಂದಲೇ ಅನರ್ಹರ ಹೆಸರು ನೋಂದಣಿಗೆ ಹೋಗಿ, ಆಮೇಲೆ ತೆಗೆಯಬೇಕಾಯಿತು. ಮತದಾರರ ಕಾರ್ಡ್ ಮನೆಗೆ ಬಂದರೆ ಬಳಸಬೇಡಿ, ಎಸೆಯಲೂ ಬೇಡಿ. ವಕೀಲರನ್ನು ಕೇಳಿ, ಕೌಂಟಿ ಚುನಾವಣಾ ಕಚೇರಿಗೆ ಬರೆದು ಹೆಸರು ತೆಗೆಸಿ.

ಅದರ ಹತ್ತಿರವೇ ಅಂಗದಾನದ ಪ್ರಶ್ನೆ ಬರುತ್ತದೆ. ಅದು ಬೇರೆ. ಒಪ್ಪಿದರೆ ಕಾರ್ಡಿನಲ್ಲಿ ಗುಲಾಬಿ ಚುಕ್ಕೆ ಬರುತ್ತದೆ. ಅದಕ್ಕೆ ನಾಗರಿಕತ್ವದ ಸಂಬಂಧವಿಲ್ಲ, ಮನಸ್ಸಿಗೆ ಬಂದಂತೆ ಉತ್ತರಿಸಲಿ.

ಪ್ರಶ್ನೆ: ಅಪ್ಪ-ಅಮ್ಮ ಆರು ತಿಂಗಳಿಗೆ ವಿಸಿಟರ್ ವೀಸಾದಲ್ಲಿ ಬಂದಿದ್ದಾರೆ. ಲಾಸ್ ವೇಗಸ್‌ಗೆ ವಿಮಾನದಲ್ಲಿ ಹೋಗಬೇಕು, ರಿಯಲ್ ಐಡಿ ಬೇಕಲ್ಲ?

ಉತ್ತರ: ಬೇಡ. ಅವರು ಪ್ರವಾಸಿಗರು, ಇಲ್ಲಿಯ ನಿವಾಸಿಗಳಲ್ಲ. ಐಡಿಗೆ ಓಡಾಡಬೇಡಿ. ಭಾರತದ ಪಾಸ್‌ಪೋರ್ಟ್ ತೋರಿಸಿದರೆ ಸಾಕು, ವಿಮಾನ ನಿಲ್ದಾಣದಲ್ಲಿ ಭದ್ರತಾ ತಪಾಸಣೆ ಮಾಡುವ ಟಿಎಸ್‌ಎ ಒಪ್ಪುತ್ತದೆ. ಆಧಾರ್ ಕಾರ್ಡ್ ನಡೆಯುವುದಿಲ್ಲ. ಟಿಕೆಟ್ಟಿನ ಹೆಸರು ಪಾಸ್‌ಪೋರ್ಟಿನಲ್ಲಿ ಇದ್ದಂತೆಯೇ ಇರಲಿ.

ಪ್ರಶ್ನೆ: ಅಮ್ಮನ ಐಡಿ ಬಂದ ಮೇಲೆ ಗ್ರೀನ್ ಕಾರ್ಡ್ ಮನೇಲಿ ಬೀರುವಿನಲ್ಲಿ ಇಟ್ಟುಬಿಡಬಹುದಾ? ಕಳೆದುಹೋದರೆ ಅಂತ ಭಯ.

ಉತ್ತರ: ಭಯ ಅರ್ಥವಾಗುತ್ತದೆ. ಆದರೆ 18 ದಾಟಿದ ವಿದೇಶಿಯರು ತಮ್ಮ ಇಮಿಗ್ರೇಷನ್ ದಾಖಲೆಯನ್ನು ಸದಾ ಜೊತೆಯಲ್ಲಿಟ್ಟುಕೊಳ್ಳಬೇಕು ಎನ್ನುವುದು ಫೆಡರಲ್ ಕಾನೂನು. ಸ್ಟೇಟ್ ಐಡಿ ಅದರ ಬದಲಿಗೆ ಬರುವುದಿಲ್ಲ. ಎರಡೂ ಪರ್ಸಿನಲ್ಲಿರಲಿ, ಎರಡು ಬದಿಯ ನಕಲು ಬೀರುವಿನಲ್ಲಿರಲಿ.

ಪ್ರಶ್ನೆ: ಫೋಟೋ, ಹೆಬ್ಬೆಟ್ಟು ಎಲ್ಲಾ ಕೊಟ್ಟು ಆರು ವಾರ ಆಯ್ತು. ಕಾರ್ಡ್ ಬಂದಿಲ್ಲ. ಅವತ್ತು ಕೊಟ್ಟ ಕಾಗದ ತೋರಿಸಿ ವಿಮಾನ ಹತ್ತಬಹುದಾ?

ಉತ್ತರ: ಆ ಕಾಗದದಲ್ಲಿ ಫೋಟೋ ಇಲ್ಲ, ಟಿಎಸ್‌ಎ ಒಪ್ಪುವುದಿಲ್ಲ. ಪಾಸ್‌ಪೋರ್ಟ್ ಒಯ್ಯಿರಿ.

ಸಾಮಾನ್ಯವಾಗಿ ಮೂರ್ನಾಲ್ಕು ವಾರದಲ್ಲಿ ಬರಬೇಕು. ಎರಡು ಕಡೆ ನೋಡಿ. ಒಂದು, ಸೇವ್‌ನಲ್ಲಿ ಸಿಕ್ಕಿಕೊಂಡಿದೆಯೇ ಎಂದು. ಯುಎಸ್‌ಸಿಐಎಸ್‌ನ ಸೇವ್ ಕೇಸ್‌ಚೆಕ್ ಪುಟದಲ್ಲಿ ಐ-94 ನಂಬರ್ ಅಥವಾ ಗ್ರೀನ್ ಕಾರ್ಡಿನ ಏಲಿಯನ್ ನಂಬರನ್ನು ಹುಟ್ಟಿದ ದಿನದ ಜೊತೆ ಹಾಕಿದರೆ ಸ್ಥಿತಿ ಗೊತ್ತಾಗುತ್ತದೆ. ಮೊದಲ ಪರಿಶೀಲನೆ ಕೆಲವೇ ಸೆಕೆಂಡಿನದು. ಅಲ್ಲಿ ತಾಳೆಯಾಗದಿದ್ದರೆ ಸಿಬ್ಬಂದಿ ಕೈಯಾರೆ ನೋಡುವ ಹಂತಕ್ಕೆ ಹೋಗುತ್ತದೆ, ವಾರಗಳು ಹಿಡಿಯುವುದು ಅದಕ್ಕೇ. ಉತ್ತರ ಡಿಎಂವಿಗೆ ಹೋಗಿದೆ ಎಂದು ತೋರಿಸಿದರೆ ಆ ಪುಟ ಪ್ರಿಂಟ್ ಮಾಡಿ ಡಿಎಂವಿಗೆ ಒಯ್ಯಿರಿ.

ಎರಡು, ನಿಮ್ಮ ಅಪಾರ್ಟ್‌ಮೆಂಟಿನ ಅಂಚೆ ಪೆಟ್ಟಿಗೆ. ಅದರ ಬಾಗಿಲು ತೆರೆದರೆ ಒಳಗೆ ಒಂದು ಸಣ್ಣ ಚೀಟಿ ಅಂಟಿಸಿರುತ್ತಾರೆ, ಅದರಲ್ಲಿ ಯಾರ ಹೆಸರಿದೆ ನೋಡಿ. ಮಗನ ಹೆಸರೋ ಹಿಂದಿನ ಬಾಡಿಗೆದಾರರ ಹೆಸರೋ ಇದ್ದು ಅಮ್ಮನ ಹೆಸರು ಇಲ್ಲದಿದ್ದರೆ, ಇಲ್ಲಿ ಈ ಹೆಸರಿನವರಿಲ್ಲ ಎಂದು ಅಂಚೆಯವರು ಕಾರ್ಡನ್ನು ಹಿಂದಕ್ಕೆ ಕಳಿಸುವುದುಂಟು. ಮನೆಯಲ್ಲಿರುವ ಎಲ್ಲರ ಹೆಸರನ್ನೂ, ಎಫ್‌ಎನ್‌ಯು ಇದ್ದರೆ ಅದನ್ನೂ ಸೇರಿಸಿ, ದಪ್ಪ ಅಕ್ಷರದಲ್ಲಿ ಬರೆದು ಅಂಟಿಸಿ. ನಡುವೆ ಮನೆ ಬದಲಾಯಿಸಿದ್ದರೆ ಡಿಎಂವಿಗೂ ಹೊಸ ವಿಳಾಸ ಕೊಡಿ, ಯುಎಸ್‌ಸಿಐಎಸ್‌ಗೆ ವಿಳಾಸ ಬದಲಾವಣೆಯ ಎಆರ್-11 ಅರ್ಜಿಯನ್ನೂ ತುಂಬಿ. ಎರಡಕ್ಕೂ ಹತ್ತೇ ದಿನದ ಗಡುವು.