ಕ್ಯಾಮೆರಾ ಮುಂದೆ ನಮ್ಗೇ ಬೈದಿದ್ದನ್ನ ಫಿಲ್ಮಲ್ಲಿ ಇಟ್ಕೋಬೇಕಾ? ಡಾಕ್ಯುಮೆಂಟರಿ ಮಾಡೋ ಆನಂದ್ ಪಟವರ್ಧನ್ ಅವ್ರ ಫಿಲ್ಮ್ ನೋಡಿರೋರು ಹೇಳಿ

ಕಬ್ಬಿನಗದ್ದೆ (ಮಂಡ್ಯ):
ಎರಡು ವರ್ಷದಿಂದ ನಮ್ಮೂರ್ ಹತ್ರದ ಆಲೆಮನೆಲಿ ಡಾಕ್ಯುಮೆಂಟರಿ ಶೂಟ್ ಮಾಡ್ತಿದೀನಿ, ಒಬ್ನೇ, ಕ್ಯಾಮೆರಾನೂ ನಾನೇ ಸೌಂಡೂ ನಾನೇ. ಹೋದ್ವಾರ ಒಲೆಗೆ ಕಬ್ಬಿನ ಸಿಪ್ಪೆ ಹಾಕ್ತಿದ್ದ ಅಕ್ಕ ತಿರುಗಿ ನಿಂತ್ಕೊಂಡು "ದಿನಾ ಬಂದು ನಮ್ ಫೋಟ ತಕ್ಕೊಂಡೋಯ್ತೀಯಲ್ಲ, ಅದ್ರಿಂದ ನಂಗೇನ್ ಬತ್ತದಪ್ಪ, ಹೆಸ್ರು ನಿಂಗೆ ಹೊಗೆ ನಂಗೆ" ಅಂದ್ಬುಟ್ರು. ರಾತ್ರಿಯೆಲ್ಲ ನಿದ್ದೆ ಬರ್ಲಿಲ್ಲ. ಎಡಿಟ್ ಮಾಡೋ ಫ್ರೆಂಡು ಅದನ್ನ ತೆಗ್ದು ಒಳ್ಳೆ ವಾಯ್ಸ್ ಓವರ್ ಹಾಕು ಅಂತಾನೆ. ಪಟವರ್ಧನ್ ನೋಡಿ ಕಲಿ ಅಂತಾರೆ ಎಲ್ರೂ, ನಾನು ನೋಡಿರೋದು ಅಯೋಧ್ಯೆ ವಿವಾದದ ಬಗ್ಗೆ ಇರೋ 'ರಾಮ್ ಕೆ ನಾಮ್' ಒಂದೇ.

ಸರಸ್ವತಿಪುರಂ ಹುಡ್ಗ:
ತೆಗೀಬೇಡಿ ಗುರು! ಅವ್ರ 'ಹಮಾರಾ ಶಹರ್' (1985) ನೋಡಿ, ಬಾಂಬೆ ಸ್ಲಂ ಒಡೆಯೋದ್ರ ಬಗ್ಗೆ. ಅದ್ರಲ್ಲೂ ಒಬ್ಬ ಹೆಂಗಸು ಬಡವ್ರ ಫೋಟೋ ತೆಗ್ದು ಹೆಸ್ರು ಮಾಡ್ಕೋತೀರ ಅಂತ ನೇರ ಅವ್ರಿಗೇ ಕೇಳ್ತಾರೆ, ಅವ್ರು ಕತ್ತರಿಸ್ಲಿಲ್ಲ, ಹಂಗೇ ಇಟ್ರು. ನನಗಂತೂ ಇಡೀ ಫಿಲ್ಮಲ್ಲಿ ಅದೇ ಮರೆಯಕ್ಕಾಗ್ದೆ ಇರೋದು. ಆ ಫಿಲ್ಮಲ್ಲಿ ಹಾಡಿದ್ದ ದಲಿತ ಕವಿ ವಿಲಾಸ್ ಘೋಗ್ರೆ 1997ರಲ್ಲಿ ಬಾಂಬೆಯ ದಲಿತರ ಕಾಲೋನಿ ರಮಾಬಾಯಿ ನಗರದಲ್ಲಿ ಪೊಲೀಸ್ ಗುಂಡಿಗೆ 10 ಜನ ಸತ್ತಾಗ ಆ ನೋವಲ್ಲಿ ಪ್ರಾಣ ಕಳ್ಕೊಂಡ್ರು, ಪಟವರ್ಧನ್ ಅಲ್ಲಿಂದ ಶುರು ಮಾಡಿ 14 ವರ್ಷ ಶೂಟ್ ಮಾಡಿ 2011ರಲ್ಲಿ 'ಜೈ ಭೀಮ್ ಕಾಮ್ರೇಡ್' ಮುಗ್ಸಿದ್ರು. ಶೂಟಿಂಗ್ ಮುಗೀತು ಅಂತ ಆ ಜನಾನ ಬಿಡ್ಲಿಲ್ಲ ನೋಡಿ, ಅವ್ರ ಸ್ಟೈಲ್ ಅಂದ್ರೆ ನನಗೆ ಅದೇ.

ಹಳೇ ಪ್ರೊಜೆಕ್ಟರ್ (ಮೈಸೂರು):
ವಾಯ್ಸ್ ಓವರ್ ತಪ್ಪೇನಲ್ಲ, ಅವ್ರೂ ಮಾತಾಡ್ತಾರೆ, ಆದ್ರೆ ಕಮ್ಮಿ. ಕ್ಯಾಮೆರಾ ಹಿಂದಿಂದ ಸುಮ್ನೆ ಒಂದು ಸಾದಾ ಪ್ರಶ್ನೆ ಕೇಳಿ ಸುಮ್ನಾಗ್ತಾರೆ, ಎದುರಿರೋರು ತಾವಾಗೇ ಎಲ್ಲಾ ಹೇಳ್ಬಿಡ್ತಾರೆ, ಹೇಳಬೇಕಾದ್ದು ಎಷ್ಟೋ ಸಲ ಹಾಡಲ್ಲೇ ಬಂದ್ಬಿಡತ್ತೆ. ಆದ್ರೆ ಇದು ಸುಲಭದ ದಾರಿ ಅಂದ್ಕೋಬೇಡಿ ತಮ್ಮಾ. 'ರಾಮ್ ಕೆ ನಾಮ್'ಗೆ ನ್ಯಾಷನಲ್ ಅವಾರ್ಡ್ ಬಂದ್ರೂ ದೂರದರ್ಶನದಲ್ಲಿ ಬರಕ್ಕೆ ಕೋರ್ಟಿಗೆ ಹೋಗ್ಬೇಕಾಯ್ತು, ಅಣುಬಾಂಬ್ ಬಗ್ಗೆ ಮಾಡಿದ 'ವಾರ್ ಅಂಡ್ ಪೀಸ್'ಗೆ ಸೆನ್ಸಾರಿನೋರು ಕಟ್ ಹೇಳಿದ್ರು, ಅದಕ್ಕೂ ಬಾಂಬೆ ಹೈಕೋರ್ಟಲ್ಲಿ ಹೋರಾಡಿ ಒಂದೂ ಕಟ್ ಇಲ್ದೆ ಬಿಡಿಸ್ಕೊಂಡ್ರು.

ಮದ್ದೂರಮ್ಮನ ಮಗಳು:
ಎಲ್ರೂ ಇಡಿ ಇಡಿ ಅಂತೀರಲ್ಲ, ಆ ಅಕ್ಕನ್ನ ಯಾರಾದ್ರೂ ಕೇಳಿದ್ರಾ? ಆಲೆಮನೆ ಮಾಲೀಕ ನೋಡಿ ನಾಳೆಯಿಂದ ಬರ್ಬೇಡ ಅಂದ್ರೆ ಹೋಗೋದು ಅವ್ರ ಕೂಲಿ. ನಮ್ಮವ್ವನೂ ಆಲೆಮನೆಲಿ ದುಡ್ದೋಳು, ಅದಕ್ಕೇ ಹೇಳ್ತಿರೋದು. ಮೊದ್ಲು ಅವ್ರಿಗೆ ತೋರ್ಸಣ್ಣ.

ಕಬ್ಬಿನಗದ್ದೆ:
ಅಕ್ಕಾ ಇದು ನಂಗೆ ಹೊಳೀಲೇ ಇಲ್ಲ, ಥ್ಯಾಂಕ್ಸ್. ನಾಳೆ ಸಂಜೆ ಕೆಲ್ಸ ಬಿಡೋ ಹೊತ್ಗೆ ಕ್ಯಾಮೆರಾ ಮನೇಲೇ ಬಿಟ್ಟು ಹೋಗ್ತೀನಿ, ಆ ಕ್ಲಿಪ್ ಮೊಬೈಲಲ್ಲಿ ತೋರಿಸ್ತೀನಿ, ಬೇಡ ಅಂದ್ರೆ ಅವ್ರ ಮುಂದೇನೇ ಡಿಲೀಟು. 'ಹಮಾರಾ ಶಹರ್' ಇವತ್ ರಾತ್ರಿನೇ ನೋಡ್ತೀನಿ.