‘ತಲೆ ತಿರುಗಿದಾಗ’ ಅಂದರೆ ಯಾವುದು ತಿರುಗಿದಾಗ?

ಎಲ್ಲರಿಗೂ ಕಲಬುರಗಿಯಿಂದ ನಮಸ್ಕಾರ. ಹೈಸ್ಕೂಲ್ ಮಕ್ಕಳಿಗಾಗಿ ಕಿವಿಯ ಬಗ್ಗೆ ಒಂದು ಪಾಠ ಬರೆಯುತ್ತಿದ್ದೇನೆ. ಒಂದು ವಾಕ್ಯದಲ್ಲಿ ಸಿಕ್ಕಿಬಿದ್ದಿದ್ದೇನೆ.

‘ತಲೆ ತಿರುಗಿದಾಗ ಒಳಕಿವಿ ನಮ್ಮ ನೋಟವನ್ನು ಅಲುಗದಂತೆ ಹಿಡಿದಿಡುತ್ತದೆ.’

ಬರೆದಾಗ ಸರಿಯಾಗೇ ಇತ್ತು. ಅತ್ತೆಯವರಿಗೆ ಓದಿ ತೋರಿಸಿದೆ. “ಸುಳ್ಳ ಬರದಿ ನೋಡವ್ವಾ. ಚಕ್ಕರ್ ಬಂದ್ರ ಮನೀನೇ ಗರಗರ ತಿರಗ್ತದ. ಎಲ್ಲಿ ನಿಂದರ್ತದ ನೋಟ?” ಅಂದರು. ನಾನು ಹೇಳಹೊರಟಿದ್ದು ಕತ್ತು ಆಚೀಚೆ ಆಗುವುದನ್ನು. ಅವರಿಗೆ ಕೇಳಿಸಿದ್ದು ಕಾಯಿಲೆ. ತಮಾಷೆ ಅಂದರೆ, ಕಾಯಿಲೆಯಲ್ಲಿ ತಲೆ ಒಂದೇ ಸುಮ್ನೆ ಇರುತ್ತದೆ, ಮಿಕ್ಕಿದ್ದೆಲ್ಲ ತಿರುಗುತ್ತದೆ!

ಇಲ್ಲಿ ಪದ ಯಾಕೆ ಮುಖ್ಯ ಅಂತ ಹೇಳುತ್ತೇನೆ. ಈ ಸಾಲು ಓದುತ್ತಲೇ ತಲೆಯನ್ನು ಎಡಕ್ಕೂ ಬಲಕ್ಕೂ ಆಡಿಸಿ. ಅಕ್ಷರ ಕಾಣುತ್ತವೆ. ಈಗ ತಲೆ ನಿಲ್ಲಿಸಿ, ಫೋನನ್ನು ಅಷ್ಟೇ ಜೋರಾಗಿ ಆಡಿಸಿ. ಎಲ್ಲ ಕಲಸಿಹೋಯಿತು, ಅಲ್ವಾ? ಫೋನ್ ಆಡಿದರೆ ಕಣ್ಣು ಮೊದಲು ನೋಡಬೇಕು, ಆಮೇಲೆ ಬೆನ್ನಟ್ಟಬೇಕು. ಅದಕ್ಕೆ ಹತ್ತಿರ ಹತ್ತಿರ ಸೆಕೆಂಡಿನ 10ರಲ್ಲಿ 1 ಪಾಲು ಬೇಕು. ತಲೆ ಆಡಿದರೆ ಕಣ್ಣು ಕಾಯುವುದಿಲ್ಲ, ಕಿವಿಯೇ ಸುದ್ದಿ ಕೊಡುತ್ತದೆ. ಒಂದೊಂದು ಒಳಕಿವಿಯಲ್ಲೂ ಬಾಗಿದ 3 ಕೊಳವೆಗಳಿವೆ, ಒಳಗೆ ನೀರಿನಂಥ ದ್ರವ. ತಲೆಯ ಜೊತೆ ಕೊಳವೆ ತಿರುಗುತ್ತದೆ, ದ್ರವ ಹಿಂದೆ ಉಳಿಯುತ್ತದೆ. ಅಲ್ಲಿನ ಸಣ್ಣ ಕೂದಲುಗಳು ಬಾಗುತ್ತವೆ. ಸುದ್ದಿ ಮಿದುಳಿನ ಬುಡದ ಮೂಲಕ ಕಣ್ಣಿನ ಸ್ನಾಯುಗಳಿಗೆ ಮುಟ್ಟುತ್ತದೆ. ತಲೆ ಎಡಕ್ಕೆ ಹೋದಷ್ಟೇ ಕಣ್ಣು ಬಲಕ್ಕೆ ಸರಿಯುತ್ತದೆ. ಇಷ್ಟೂ ಆಗುವುದು ಸೆಕೆಂಡಿನ 100ರಲ್ಲಿ 1 ಪಾಲಿನೊಳಗೆ. ಕತ್ತಲಲ್ಲೂ ಆಗುತ್ತದೆ.

ಹಾಗಾದರೆ ಯಾವ ಕ್ರಿಯಾಪದ? ‘ತಿರುಗಿಸಿದಾಗ’ ಅಂದರೆ ನಾನೇ ಬೇಕೆಂದು ತಿರುಗಿಸಿದಂತಾಯಿತು. ಗಂಜ್ ಕಡೆ ಟಂಟಂನಲ್ಲಿ ಕೂತು ಬನ್ನಿ, ಅಲ್ಲಿ ತಲೆ ಯಾರ ಮಾತನ್ನೂ ಕೇಳುವುದಿಲ್ಲ. ಆದರೂ ಅಂಗಡಿಯ ಬೋರ್ಡು ಓದಲು ಬರುತ್ತದೆ. ‘ಅಲುಗಿದಾಗ’ ಅಂದರೆ ತಿರುಗುವ ಅರ್ಥವೇ ಹೋಗುತ್ತದೆ. ಈ ಕೊಳವೆಗಳು ಹಿಡಿಯುವುದು ತಿರುಗುವುದನ್ನು ಮಾತ್ರ. ನೇರಕ್ಕೆ ಜರುಗುವುದನ್ನು ಹಿಡಿಯಲು ಪಕ್ಕದಲ್ಲಿ ಬೇರೆ 2 ಚೀಲಗಳಿವೆ. ನನಗೆ ಮನಸ್ಸಿರುವುದು ‘ತಲೆ ಹೊರಳಿದಾಗ’ ಮೇಲೆ. ನಮ್ಮಲ್ಲಿ ‘ಹೊಳ್ಳಿ ನೋಡು’ ಅಂತೀವಲ್ಲ, ಅದೇ. ಆದರೆ ಮೈಸೂರಿನ ಗೆಳತಿಗೆ ಹೊರಳುವುದು ಅಂದರೆ ಹಾಸಿಗೆ, ಇಲ್ಲವೇ ಕೆಸರು. ನಿಮ್ಮ ಕಿವಿಗೆ ಹೇಗೆ ಕೇಳಿಸುತ್ತದೆ?

ಇನ್ನೊಂದು ಪ್ರಶ್ನೆ. ನಮ್ಮಲ್ಲಿ ಚಕ್ಕರ್, ಬವಳಿ, ಕಣ್ಣಿಗೆ ಕತ್ತಲೆ ಬರುವುದು, ಎಲ್ಲವೂ ಇವೆ. ಆದರೆ ಎರಡೂ ಒಳಕಿವಿಯ ಈ ಕೆಲಸ ನಿಂತವರ ಕಷ್ಟ ಬೇರೆಯದು. ಕೂತರೆ ಎಲ್ಲ ಸರಿ, ನಡೆದರೆ ರಸ್ತೆಯೇ ಕುಣಿಯುತ್ತದೆ. ಸ್ಟ್ರೆಪ್ಟೊಮೈಸಿನ್ ಔಷಧಿಯಿಂದ ಹೀಗಾದ ಒಬ್ಬ ವೈದ್ಯರು 1952ರಲ್ಲಿ ತಮ್ಮ ಅನುಭವ ಬರೆದರು. ನಾಡಿ ಬಡಿತಕ್ಕೂ ಪುಟದ ಅಕ್ಷರ ಜಿಗಿಯುತ್ತಿದ್ದವಂತೆ. ಮಂಚದ ತಲೆಗಂಬಿಗಳ ನಡುವೆ ತಲೆ ಸಿಗಿಸಿಕೊಂಡು ಓದುತ್ತಿದ್ದರಂತೆ. ಇದಕ್ಕೆ ಏನನ್ನೋಣ? ‘ಕಣ್ಣು ಹಾರುವುದು’ ಅನ್ನೋಣವೆಂದರೆ ಅದನ್ನು ಶಕುನದವರು ಮೊದಲೇ ಹಿಡಿದಿದ್ದಾರೆ. ಸದ್ಯಕ್ಕೆ ‘ನೋಟ ಕುಣಿತ’ ಅಂತ ಬರೆದಿಟ್ಟಿದ್ದೇನೆ. ಬೀದರ್, ಯಾದಗಿರಿ ಕಡೆಯವರ ಬಾಯಲ್ಲಿ ಇದಕ್ಕಿಂತ ಒಳ್ಳೆಯದು ಇದ್ದರೆ ತಿಳಿಸಿ.