ಬಯಲಾಟದ ಚಿತ್ರಕ್ಕೆ ಧ್ವನಿ ಹೊಂದಿಸುವುದು: ಅನುಭವವಿದ್ದವರು ತಿಳಿಸಿ

ಕೇಳಿದವರು: ನಮ್ಮೂರಿನ ಯಕ್ಷಗಾನ ಬಯಲಾಟವನ್ನು ಎರಡು ಕ್ಯಾಮೆರಾಗಳಲ್ಲಿ ಚಿತ್ರೀಕರಿಸಿದ್ದೇವೆ. ಒಂದು ರಂಗಸ್ಥಳದ ಪಕ್ಕ, ಇನ್ನೊಂದು ಪ್ರೇಕ್ಷಕರ ಹಿಂದೆ. ಧ್ವನಿಯನ್ನು ಭಾಗವತರ ಬಳಿಯಿಟ್ಟ ರೆಕಾರ್ಡರಿನಲ್ಲಿ ಬೇರೆಯಾಗಿ ಮುದ್ರಿಸಿಕೊಂಡಿದ್ದೇವೆ. ಇವನ್ನು ಹೊಂದಿಸಲು ಯಾವ ತಂತ್ರಾಂಶ ಒಳ್ಳೆಯದು? ಹೆಚ್ಚು ಖರ್ಚು ಮಾಡಲಾಗದು.

ಉತ್ತರ 1: ಖರ್ಚೇ ಬೇಡ. ಡಾವಿಂಚಿ ರಿಸಾಲ್ವ್‌ನ ಉಚಿತ ಆವೃತ್ತಿಯಲ್ಲಿ ಧ್ವನಿಯ ಅಲೆಗಳನ್ನು ಹೋಲಿಸಿ ತಾನೇ ಹೊಂದಿಸುವ ಸೌಲಭ್ಯವಿದೆ. ಕೆಡೆನ್‌ಲೈವ್‌ನಲ್ಲಿಯೂ ಇದೆ. ಹಿಂದೆ ಎಲ್ಲರೂ ಧ್ವನಿ ಹೊಂದಿಸಲೆಂದೇ ಇದ್ದ ಪ್ಲೂರಲ್‌ಐಸ್ ಎಂಬ ತಂತ್ರಾಂಶದ ಹೆಸರು ಹೇಳುತ್ತಿದ್ದರು. ಈಗ ಅದನ್ನು ಹುಡುಕಿಕೊಂಡು ಹೋಗಬೇಕಿಲ್ಲ. ಆದರೆ ಕ್ಯಾಮೆರಾದ ಸ್ವಂತ ಮೈಕ್ ಚಾಲೂ ಇದ್ದಿರಬೇಕು. ಎಷ್ಟೇ ಕೆಟ್ಟದಾಗಿದ್ದರೂ ಆ ಧ್ವನಿ ಇಲ್ಲದಿದ್ದರೆ ಹೋಲಿಸಲು ಏನೂ ಇರುವುದಿಲ್ಲ.

ಉತ್ತರ 2: ತಂತ್ರಾಂಶ ಹೊಂದಿಸಿತೆಂದು ಅಲ್ಲಿಗೇ ಬಿಡಬೇಡಿ. ಧ್ವನಿ ಸೆಕೆಂಡಿಗೆ ಸುಮಾರು 343 ಮೀಟರ್ ಸಾಗುತ್ತದೆ. ಹಿಂದಿನ ಕ್ಯಾಮೆರಾ 30 ಮೀಟರ್ ದೂರದಲ್ಲಿದ್ದರೆ ಚೆಂಡೆಯ ಪೆಟ್ಟು ಅದರ ಮೈಕಿಗೆ 87 ಮಿಲಿಸೆಕೆಂಡ್ ತಡವಾಗಿ ತಲುಪುತ್ತದೆ. ಸೆಕೆಂಡಿಗೆ 25 ಫ್ರೇಮ್ ಲೆಕ್ಕದಲ್ಲಿ ಅದು ಎರಡು ಫ್ರೇಮಿಗೂ ತುಸು ಹೆಚ್ಚು. ತಂತ್ರಾಂಶ ಆ ತಡವಾದ ಧ್ವನಿಯನ್ನೇ ನಂಬಿ ರೆಕಾರ್ಡರಿಗೆ ಹೊಂದಿಸುವುದರಿಂದ ಚಿತ್ರ ಮುಂಚಿತವಾಗಿಬಿಡುತ್ತದೆ: ಕೋಲು ಚೆಂಡೆಗೆ ತಾಗಿ ಮೇಲೆದ್ದ ಮೇಲೆ ಸದ್ದು ಕೇಳುತ್ತದೆ. ಕುಣಿತದಲ್ಲಿ ಇದು ಕಣ್ಣಿಗೆ ಬೀಳದಿರಬಹುದು, ಅರ್ಥಗಾರಿಕೆಯಲ್ಲಿ ವೇಷಧಾರಿಯ ತುಟಿ ನೋಡಿದರೆ ಗೊತ್ತಾಗುತ್ತದೆ. ರೆಕಾರ್ಡರಿನ ಧ್ವನಿಯನ್ನು ಮುಟ್ಟದೆ, ದೂರದ ಕ್ಯಾಮೆರಾದ ಕ್ಲಿಪ್ಪನ್ನು ಮಾತ್ರ ಟೈಮ್‌ಲೈನಿನಲ್ಲಿ ಎರಡು ಫ್ರೇಮ್ ಬಲಕ್ಕೆ ಸರಿಸಿ. ಅಷ್ಟು ಶ್ರದ್ಧೆಯಿಂದ ಆಡಿದ ಕಲಾವಿದರಿಗೆ ಇಷ್ಟಾದರೂ ಸಲ್ಲಬೇಕು.

ಉತ್ತರ 3: ಮೇಲಿನವರ ಲೆಕ್ಕ ಸರಿ. ರಾತ್ರಿಯಿಡೀ ನಡೆಯುವ ಆಟಕ್ಕೆ ಇನ್ನೊಂದು ತೊಡಕಿದೆ. ಕ್ಯಾಮೆರಾ ಮತ್ತು ರೆಕಾರ್ಡರಿನ ಒಳಗಡಿಯಾರಗಳು ಒಂದೇ ವೇಗದಲ್ಲಿ ನಡೆಯುವುದಿಲ್ಲ. ಹತ್ತು ಲಕ್ಷಕ್ಕೆ 20ರಷ್ಟು ವ್ಯತ್ಯಾಸವಿದ್ದರೂ ಗಂಟೆಗೆ 72 ಮಿಲಿಸೆಕೆಂಡ್ ಜಾರುತ್ತದೆ. ಆರಂಭದಲ್ಲಿ ಸರಿಯಿದ್ದದ್ದು ಮಂಗಳದ ಹೊತ್ತಿಗೆ ಎಲ್ಲೋ ಹೋಗಿರುತ್ತದೆ. ಪದ್ಯ ಮುಗಿದು ಮಾತು ಶುರುವಾಗುವ ಬಿಡುವಿನಲ್ಲಿ ಕತ್ತರಿಸಿ, ತುಂಡು ತುಂಡಾಗಿ ಹೊಂದಿಸಿಕೊಳ್ಳಿ. ಚೆಂಡೆಯ ಉರುಳಿಕೆ ಇರುವಲ್ಲಿ ಪೆಟ್ಟುಗಳೆಲ್ಲ ಒಂದೇ ತೆರನಾಗಿರುವುದರಿಂದ ತಂತ್ರಾಂಶ ಏಮಾರಬಹುದು, ಮಾತಿನ ಭಾಗ ಹೆಚ್ಚು ನಂಬಿಕಸ್ಥ. ಎರಡರಲ್ಲಿ ಒಂದು ಕ್ಯಾಮೆರಾ ಮೊಬೈಲ್ ಆಗಿದ್ದರೆ ಫ್ರೇಮ್ ದರ ಏರುಪೇರಾಗಿರುತ್ತದೆ. ಮೊದಲು ಹ್ಯಾಂಡ್‌ಬ್ರೇಕ್ ಎಂಬ ವೀಡಿಯೊ ಪರಿವರ್ತಕ ತಂತ್ರಾಂಶದಲ್ಲಿ ಸ್ಥಿರ ದರಕ್ಕೆ ಪರಿವರ್ತಿಸಿ, ಆಮೇಲೆ ಹೊಂದಿಸಿ.